ಹಳೆಯ ಬಚ್ಚಲುಮನೆಗೆ ಹೊಸ ರೂಪ: ಎಲ್ಲಿ ಖರ್ಚು ಮಾಡಬೇಕು, ಎಲ್ಲಿ ಕೈ ಬಿಗಿಹಿಡಿಯಬೇಕು

ಬಚ್ಚಲುಮನೆಯನ್ನು ಹೊಸದಾಗಿ ಮಾಡಿಸಬೇಕೆಂದು ಹೊರಟವರು ಸಾಮಾನ್ಯವಾಗಿ ಮೊದಲು ಹೋಗುವುದು ಟೈಲ್ಸ್ ಅಂಗಡಿಗೆ. ಹೋಗಬೇಕಾದದ್ದು ಕೆಳಗಿನ ಮಹಡಿಗೆ. ನಮ್ಮ ಬಚ್ಚಲಿನ ಅಡಿಗೆ ಬರುವ ಅಲ್ಲಿನ ಚಾವಣಿಯಲ್ಲಿ ಹಳದಿ ಕಲೆ ಮೂಡಿದೆಯೇ, ಬಣ್ಣ ಉಬ್ಬಿ ಸಿಪ್ಪೆ ಏಳುತ್ತಿದೆಯೇ, ಗಾರೆ ಉದುರಿ ಕಬ್ಬಿಣ ಕಾಣುತ್ತಿದೆಯೇ ಎಂಬುದನ್ನು ಕತ್ತೆತ್ತಿ ನೋಡಿ ಬಂದರೆ, ಈ ಕೆಲಸಕ್ಕೆ ಹತ್ತು ಸಾವಿರ ಸಾಕಾಗುತ್ತದೆಯೋ ಎರಡು ಲಕ್ಷ ಬೇಕಾಗುತ್ತದೆಯೋ ಎಂಬುದು ಅರ್ಧದಷ್ಟು ಅಲ್ಲಿಯೇ ತೀರ್ಮಾನವಾಗಿಬಿಡುತ್ತದೆ.

ಈ ಬರಹದಲ್ಲಿ ನಾನು ಎದುರಿಗಿಟ್ಟುಕೊಂಡಿರುವುದು ಬೆಂಗಳೂರಿನ ಜಯನಗರ, ರಾಜಾಜಿನಗರ, ವಿಜಯನಗರಗಳಂಥ ಬಡಾವಣೆಗಳಲ್ಲಿ ಇಪ್ಪತ್ತೈದು, ಮೂವತ್ತು ವರ್ಷಗಳ ಹಿಂದೆ ಕಟ್ಟಿದ ಮನೆಗಳ ಅಥವಾ ಅಪಾರ್ಟ್‌ಮೆಂಟುಗಳ ಬಚ್ಚಲುಮನೆಯನ್ನು: ಐದು ಅಡಿ ಅಗಲ, ಎಂಟು ಅಡಿ ಉದ್ದ, ಮೂಲೆಯಲ್ಲೊಂದು ಕಮೋಡು, ಅರ್ಧ ಗೋಡೆಯವರೆಗೆ ಬಿಳಿಯ ಚಿಕ್ಕ ಟೈಲ್ಸು, ಮೇಲೊಂದು ಅಟ್ಟ, ಬಾಗಿಲಿನ ಬುಡ ನೀರು ಕುಡಿದು ಕೊಳೆತಿರುವ ಕೋಣೆ. ಮೈಸೂರು, ಹುಬ್ಬಳ್ಳಿಗಳ ಮನೆಗಳಲ್ಲಿಯೂ ಸ್ಥಿತಿ ಹೆಚ್ಚು ಬೇರೆಯಾಗಿರುವುದಿಲ್ಲ. ಕೂಲಿಯ ದರದಲ್ಲಿ ಮಾತ್ರ ಒಂದಷ್ಟು ವ್ಯತ್ಯಾಸವಿರುತ್ತದೆ.

ರೋಗ ಯಾವುದೆಂದು ಮೊದಲು ತಿಳಿಯಿರಿ

ಸೋರಿಕೆಯಲ್ಲಿ ಎರಡು ಬಗೆಗಳಿವೆ. ನೀರು ತರುವ ಪೈಪು ಸೋರುತ್ತಿದ್ದರೆ ಗೋಡೆ ಹಗಲೂ ರಾತ್ರಿಯೂ ಒಂದೇ ಸಮನೆ ತೇವವಾಗಿರುತ್ತದೆ. ನೀರು ಹೊರಗೆ ಒಯ್ಯುವ ಪೈಪೋ ನೆಲವೋ ಸೋರುತ್ತಿದ್ದರೆ ಸ್ನಾನವಾದ ಒಂದೆರಡು ಗಂಟೆಗಳ ನಂತರ ತೇವ ಹೆಚ್ಚಾಗುತ್ತದೆ, ಮನೆಯವರು ನಾಲ್ಕು ದಿನ ಊರಿಗೆ ಹೋದರೆ ಒಣಗತೊಡಗುತ್ತದೆ. ರಾತ್ರಿ ಎಲ್ಲ ನಲ್ಲಿಗಳನ್ನೂ ಮುಚ್ಚಿ, ತೊಟ್ಟಿಗೆ ನೀರೇರದಂತೆ ಪಂಪನ್ನೂ ನಿಲ್ಲಿಸಿ, ತೊಟ್ಟಿಯ ನೀರಿನ ಮಟ್ಟವನ್ನು ಗುರುತು ಹಾಕಿಟ್ಟು ಬೆಳಿಗ್ಗೆ ನೋಡಿದರೆ ಮೊದಲನೆಯ ಬಗೆ ಸುಲಭವಾಗಿ ಸಿಕ್ಕಿಬೀಳುತ್ತದೆ. ಕಮೋಡಿನ ಫ್ಲಶ್ ತೊಟ್ಟಿಯಿಂದ ಒಳಗೊಳಗೇ ನೀರು ಹರಿದುಹೋಗುತ್ತಿದ್ದರೂ ಮಟ್ಟ ಇಳಿಯುವುದರಿಂದ, ಆ ತೊಟ್ಟಿಯ ಕವಾಟವನ್ನು ಕೂಡ ಮುಚ್ಚಿರಬೇಕು.

ಟೈಲ್ಸುಗಳು ಗಟ್ಟಿಯಾಗಿದ್ದು ಅವುಗಳ ನಡುವಿನ ಸಂದುಗಳು ಮಾತ್ರ ಸವೆದಿದ್ದರೆ ಒಡೆಯುವ ಅಗತ್ಯವೇ ಇಲ್ಲ. ನಮ್ಮಲ್ಲಿ ಬಚ್ಚಲು ತೊಳೆಯಲು ಆಸಿಡ್ ಸುರಿಯುವ ರೂಢಿಯಿದೆ. ಅದು ಕಲೆಯ ಜೊತೆಗೆ ಸಂದಿನ ಸಿಮೆಂಟನ್ನೂ ತಿನ್ನುತ್ತದೆ. ಅಂಥ ಸಂದುಗಳನ್ನು ಕೆರೆದು ತೆಗೆದು ಎಪಾಕ್ಸಿ ಗ್ರೌಟ್ (ನೀರು ಹೀರದ, ಗಟ್ಟಿಯಾಗುವ ಸಂದು ತುಂಬುವ ಅಂಟು) ತುಂಬಿಸಿದರೆ, ಎಷ್ಟೋ ಮನೆಗಳಲ್ಲಿ ಇನ್ನೂ ಕೆಲವು ವರ್ಷಗಳ ಕಾಲ ನಿಶ್ಚಿಂತೆಯಾಗಿರಬಹುದು. ಪೂರ್ತಿ ಕೆಲಸದ ವೆಚ್ಚದ ಹತ್ತರಲ್ಲೊಂದು ಪಾಲು ಕೂಡ ಇದಕ್ಕಾಗುವುದಿಲ್ಲ. ಇದನ್ನು ನಿಮಗೆ ಯಾವ ಗುತ್ತಿಗೆದಾರನೂ ತಾನಾಗಿ ಹೇಳುವುದಿಲ್ಲ.

ಆದರೆ ಮನೆಗೆ ಹಾಕಿರುವುದು ಹಳೆಯ ಜಿ.ಐ. (ಸತು ಲೇಪಿಸಿದ ಕಬ್ಬಿಣದ) ಪೈಪಾಗಿದ್ದು, ಬೆಳಿಗ್ಗೆ ನಲ್ಲಿ ತಿರುಗಿಸಿದಾಗ ಮೊದಲ ಚೊಂಬು ನೀರು ಕಂದುಬಣ್ಣದಲ್ಲಿ ಬರುತ್ತಿದ್ದರೆ ತೇಪೆ ಹಚ್ಚುವುದರಲ್ಲಿ ಅರ್ಥವಿಲ್ಲ. ಆ ಪೈಪು ಒಳಗಿನಿಂದ ತುಕ್ಕು ಹಿಡಿದು, ಅರ್ಧ ಇಂಚಿನ ಕೊಳವೆ ಪೆನ್ಸಿಲಿನ ಗಾತ್ರಕ್ಕೆ ಕಿರಿದಾಗಿರುತ್ತದೆ. ಒಂದು ಕಡೆ ದುರಸ್ತಿ ಮಾಡಲು ಕೈಹಾಕಿದರೆ ಪಕ್ಕದ ಕೀಲು ಸಡಿಲವಾಗುತ್ತದೆ. ಅಂಥ ಮನೆಯಲ್ಲಿ ಗೋಡೆ ಒಡೆದು ಎಲ್ಲವನ್ನೂ ಬದಲಿಸುವುದೇ ಲೇಸು.

ಲೆಕ್ಕ

ಐದಕ್ಕೆ ಎಂಟರ ಕೋಣೆಯ ನೆಲ 40 ಚದರ ಅಡಿ. ಗೋಡೆಗಳ ಸುತ್ತಳತೆ 26 ಅಡಿ. ಏಳು ಅಡಿ ಎತ್ತರದವರೆಗೆ ಟೈಲ್ಸ್ ಹಾಕಿಸಿದರೆ 182 ಚದರ ಅಡಿ. ಬಾಗಿಲು, ಕಿಟಕಿಗಳನ್ನು ಕಳೆದರೆ ಸುಮಾರು 160. ಒಟ್ಟು 200 ಚದರ ಅಡಿಗೆ, ಕತ್ತರಿಸುವಾಗ ಪೋಲಾಗುವುದಕ್ಕೆಂದು ಶೇಕಡಾ 10 ಸೇರಿಸಿ 220 ಚದರ ಅಡಿ ಕೊಂಡರೆ ಸಾಕು. ಚದರ ಅಡಿಗೆ 60 ರೂಪಾಯಿಯ ಟೈಲ್ಸ್ ಆದರೆ 13,200 ರೂಪಾಯಿ. ಅದರ ಎರಡರಷ್ಟು ಬೆಲೆಯದಾದರೆ 26,400. ಮನೆಮಂದಿಯೆಲ್ಲ ಮೂರು ಭಾನುವಾರ ಅಂಗಡಿ ಅಂಗಡಿ ಸುತ್ತಿ, ಜಗಳವಾಡಿ ಆರಿಸುವ ವಸ್ತುವಿನಲ್ಲಿ ಅಗ್ಗದ್ದಕ್ಕೂ ದುಬಾರಿಯದಕ್ಕೂ ಇರುವ ಅಂತರ ಇಷ್ಟೇ.

ಉಳಿದ ಬಾಬುಗಳನ್ನು ನೋಡಿ. ಬೆಂಗಳೂರಿನಲ್ಲಿ ಈಚಿನ ಒಂದೆರಡು ವರ್ಷಗಳಲ್ಲಿ ನಡೆದಿರುವ ದರಗಳನ್ನು ಆಸುಪಾಸಾಗಿ ಹೇಳುವುದಾದರೆ, ಹಳೆಯದನ್ನು ಒಡೆದು ಕಸ ಸಾಗಿಸಲು 12ರಿಂದ 20 ಸಾವಿರ, ಪೈಪು ಮತ್ತು ಪ್ಲಂಬರನ ಕೂಲಿಗೆ 25ರಿಂದ 40 ಸಾವಿರ, ನೆಲ ತುಂಬಿಸಿ ನೀರುನಿರೋಧಕ ಲೇಪನ ಮಾಡಿಸಲು 10ರಿಂದ 20 ಸಾವಿರ, ಸಿಮೆಂಟು, ಮರಳು, ಅಂಟು ಹಾಗೂ ಟೈಲ್ಸ್ ಕೂರಿಸುವ ಕೂಲಿ ಸೇರಿ 20ರಿಂದ 30 ಸಾವಿರ ರೂಪಾಯಿ ಆಗುತ್ತದೆ. ಕಮೋಡು, ಬೇಸಿನ್, ನಲ್ಲಿಗಳು, ಷವರ್ ಇವಕ್ಕೆ 35 ಸಾವಿರದಿಂದ 80 ಸಾವಿರದವರೆಗೂ ಹಿಗ್ಗಿಸಬಹುದು. ಗೀಸರ್, ವೈರಿಂಗ್, ಎಕ್ಸಾಸ್ಟ್ ಫ್ಯಾನುಗಳಿಗೆ 15ರಿಂದ 25 ಸಾವಿರ. ನೀರಿಗೆ ಕೊಳೆಯದ ಬಾಗಿಲಿಗೆ 6ರಿಂದ 12 ಸಾವಿರ. ಟೈಲ್ಸೂ ಸೇರಿ ಒಟ್ಟು 1.4 ಲಕ್ಷದಿಂದ 2.5 ಲಕ್ಷ ರೂಪಾಯಿಗಳ ನಡುವೆ ಬಂದು ನಿಲ್ಲುತ್ತದೆ. ಒಡೆದ ಮೇಲೆ ಏನು ಹೊರಬೀಳುತ್ತದೆಂದು ಹೇಳಲಾಗದ ಕಾರಣ ಇದರ ಮೇಲೆ ಶೇಕಡಾ 10ರಿಂದ 15 ಬೇರೆಯಾಗಿ ತೆಗೆದಿಟ್ಟಿರಬೇಕು.

ಈ ಪಟ್ಟಿಯಲ್ಲಿ ಮೊದಲ ನಾಲ್ಕು ಬಾಬುಗಳು, ಅಂದರೆ ಕೆಲಸ ಮುಗಿದ ಮೇಲೆ ಕಣ್ಣಿಗೆ ಕಾಣದೆ ಹೋಗುವಂಥವು, ಒಟ್ಟು ವೆಚ್ಚದ ಹತ್ತಿರ ಹತ್ತಿರ ಅರ್ಧದಷ್ಟಾಗುತ್ತವೆ. ಹಣ ಸಾಲದೆ ಬಂದಾಗ ಜನ ಕತ್ತರಿ ಹಾಕುವುದು ಇಲ್ಲಿಗೇ, ಮತ್ತು ಹಾಕಬಾರದ್ದೂ ಇಲ್ಲಿಗೇ. ಸಾದಾ ನಲ್ಲಿಯನ್ನು ಐದು ವರ್ಷದ ನಂತರ ಅರ್ಧ ಗಂಟೆಯಲ್ಲಿ ಬದಲಿಸಬಹುದು, ಆದರೆ ಲೇಪನವನ್ನು ಬದಲಿಸಬೇಕೆಂದರೆ ಮತ್ತೆ ನೆಲ ಒಡೆಯಬೇಕಾಗುತ್ತದೆ.

ದರಪಟ್ಟಿ ಪಡೆಯುವಾಗ ತೆರಿಗೆ ಸೇರಿದೆಯೇ ಎಂದು ಕೇಳಿ ಬರೆಸಿಕೊಳ್ಳಿ. ಟೈಲ್ಸಿಗೂ ಸ್ಯಾನಿಟರಿ ಸಾಮಾನಿಗೂ ಜಿ.ಎಸ್.ಟಿ. ಶೇಕಡಾ 18, ಸಿಮೆಂಟಿನ ಮೇಲೆ ಶೇಕಡಾ 28 ಇದ್ದದ್ದು 2025ರ ಸೆಪ್ಟೆಂಬರ್ 22ರಿಂದ ಶೇಕಡಾ 18ಕ್ಕೆ ಇಳಿದಿದೆ. ಅಂಗಡಿಯವರು ಬಾಯಲ್ಲಿ ಹೇಳುವ ಬೆಲೆಗೂ ಬಿಲ್ಲಿನಲ್ಲಿ ಬರೆಯುವ ಬೆಲೆಗೂ ನಡುವೆ ಈ ಹದಿನೆಂಟು ಅಡಗಿ ಕುಳಿತಿರುವುದುಂಟು.

ಗೋಡೆಯ ಒಳಗೆ, ನೆಲದ ಅಡಿಗೆ

ಹಳೆಯ ಕಟ್ಟಡಗಳಲ್ಲಿ ಬಚ್ಚಲಿನ ಭಾಗದ ಸ್ಲ್ಯಾಬನ್ನು ಒಂಬತ್ತರಿಂದ ಹನ್ನೆರಡು ಇಂಚು ಕೆಳಕ್ಕೆ ಇಳಿಸಿ, ಅಲ್ಲಿ ಪೈಪುಗಳನ್ನು ಹಾಯಿಸಿ, ಇಟ್ಟಿಗೆ ಚೂರು ತುಂಬಿ ಮೇಲೆ ನೆಲ ಹಾಕುತ್ತಿದ್ದರು. ಕೆಲಸದವರು ಇದನ್ನು ಸಂಕನ್ ಸ್ಲ್ಯಾಬ್ ಎನ್ನುತ್ತಾರೆ. ಮೇಲಿನ ಸಂದುಗಳಿಂದ ಇಳಿದ ನೀರು ವರ್ಷಗಟ್ಟಲೆ ಈ ಗುಂಡಿಯಲ್ಲಿ ನಿಂತು, ತುಂಬಿದ ಮೇಲೆ ಕೆಳಗಿನ ಮನೆಯವರ ಚಾವಣಿಯಲ್ಲಿ ಪ್ರತ್ಯಕ್ಷವಾಗುತ್ತದೆ. ಆದ್ದರಿಂದ ಲೇಪನವನ್ನು ಎರಡು ಹಂತದಲ್ಲಿ ಮಾಡಿಸಬೇಕು. ಗುಂಡಿಯನ್ನು ಪೂರ್ತಿ ಖಾಲಿಮಾಡಿಸಿ ಅದರ ತಳ ಮತ್ತು ಬದಿಗಳಿಗೆ ಒಮ್ಮೆ, ಪೈಪು ಹಾಕಿ ತುಂಬಿಸಿದ ನಂತರ ಟೈಲ್ಸಿನ ಕೆಳಗೆ ಇನ್ನೊಮ್ಮೆ. ನೆಲ ಗೋಡೆಗಳು ಕೂಡುವ ಮೂಲೆಯನ್ನು ಗಾರೆಯಿಂದ ದುಂಡಗೆ ಮಾಡಿ, ಲೇಪನವನ್ನು ಗೋಡೆಯ ಮೇಲೆ ಕನಿಷ್ಠ ಒಂದು ಅಡಿಯವರೆಗೆ, ಷವರ್ ಇರುವ ಗೋಡೆಯಲ್ಲಿ ಆಳೆತ್ತರದವರೆಗೆ ಏರಿಸಬೇಕು. ಪೈಪು ನೆಲವನ್ನು ತೂರಿಕೊಂಡು ಹೋಗುವ ಜಾಗದಲ್ಲಿ ಸಾಮಾನ್ಯ ಸಿಮೆಂಟು ಸಾಲದು, ಕುಗ್ಗದ ಗ್ರೌಟ್ ಬೇಕು. ನಾನು ನೋಡಿರುವ ಸೋರಿಕೆಗಳಲ್ಲಿ ಹೆಚ್ಚಿನವು ಹುಟ್ಟಿದ್ದು ಅಲ್ಲಿಯೇ.

ಲೇಪನ ಒಣಗಿದ ಬಳಿಕ ನೀರು ಹೋಗುವ ಬಾಯಿಗಳನ್ನೆಲ್ಲ ಬಿಗಿದು, ಎರಡು ಇಂಚು ನೀರು ನಿಲ್ಲಿಸಿ, ಗೋಡೆಯ ಮೇಲೆ ಗೆರೆ ಎಳೆದು 48 ಗಂಟೆ ಬಿಡಬೇಕು. ಮೇಸ್ತ್ರಿ ಒಂದು ರಾತ್ರಿ ಸಾಕೆನ್ನುತ್ತಾನೆ. ಅವನ ಆಳುಗಳು ಸುಮ್ಮನೆ ಕೂರಬೇಕಾದ್ದರಿಂದ ಅವನ ಅವಸರ ಸಹಜವೇ. ಈ ಎರಡು ದಿನಗಳ ಬಿಡುವನ್ನು ಒಪ್ಪಂದದಲ್ಲಿಯೇ ಬರೆಸಿದ್ದರೆ ಆ ಮಾತೇ ಏಳುವುದಿಲ್ಲ.

ಬಿಸಿನೀರಿಗೆ ಬಿಸಿ ತಡೆಯುವ ಪ್ಲಾಸ್ಟಿಕ್ಕಾದ ಸಿ.ಪಿ.ವಿ.ಸಿ., ತಣ್ಣೀರಿಗೆ ಅದೇ ಅಥವಾ ಯು.ಪಿ.ವಿ.ಸಿ. ಎಂಬ ಸಾದಾ ಗಟ್ಟಿ ಪ್ಲಾಸ್ಟಿಕ್ಕು, ಕೊಳೆನೀರಿಗೆ 75 ಮಿಲಿಮೀಟರಿನ, ಕಮೋಡಿಗೆ 110 ಮಿಲಿಮೀಟರಿನ ಪೈಪು ಈಗಿನ ರೂಢಿ. ಸಿ.ಪಿ.ವಿ.ಸಿ. ಪೈಪಿನ ಮೇಲೆ ಐ.ಎಸ್. 15778 ಎಂಬ ಭಾರತೀಯ ಮಾನಕದ ಅಚ್ಚು ಇರುವುದನ್ನು ನೋಡಿಕೊಳ್ಳಿ. ಗೋಡೆ ಮುಚ್ಚುವ ಮುನ್ನ ಎಲ್ಲ ಬಾಯಿಗಳಿಗೂ ಬಿರಡೆ ಹಾಕಿ ಕೈಪಂಪಿನಿಂದ ಒತ್ತಡ ಕೊಟ್ಟು ಪರೀಕ್ಷಿಸಬೇಕು. ಪಂಪಿನ ಒತ್ತಡಮಾಪಕದ ಮುಳ್ಳು ಇಳಿಯದೆ ನಿಲ್ಲಬೇಕು.

ನೆಲದ ಇಳಿಜಾರು ನೂರಕ್ಕೆ ಒಂದರಷ್ಟು, ಅಂದರೆ ಎಂಟು ಅಡಿ ಉದ್ದಕ್ಕೆ ಸುಮಾರು ಒಂದು ಇಂಚು ಇರಬೇಕು. ಟೈಲ್ಸ್ ಕೂರಿಸಿ ಗ್ರೌಟ್ ತುಂಬುವ ಮೊದಲೇ ಒಂದು ಬಕೆಟ್ ನೀರು ಸುರಿದು, ಎಲ್ಲಿ ನಿಲ್ಲುತ್ತದೆಂದು ನೋಡಿ, ನಿಂತ ಕಡೆ ಆಗಲೇ ಎಬ್ಬಿಸಿ ಕೂರಿಸಿ ಎನ್ನಬೇಕು. ನೀರು ಹೋಗುವ ಟ್ರ್ಯಾಪಿನಲ್ಲಿ (ವಾಸನೆ ತಡೆಯಲು ಒಂದಷ್ಟು ನೀರು ಹಿಡಿದಿಡುವ ಬಾಗಿದ ಭಾಗದಲ್ಲಿ) 50 ಮಿಲಿಮೀಟರಿನಷ್ಟಾದರೂ ನೀರು ನಿಲ್ಲುವ ಆಳವಿರಬೇಕು. ಇಲ್ಲವಾದರೆ ಎಷ್ಟು ಫಿನಾಯಿಲ್ ಸುರಿದರೂ ಚರಂಡಿಯ ವಾಸನೆ ಮತ್ತು ಜಿರಳೆ ಎರಡೂ ಬರುತ್ತಲೇ ಇರುತ್ತವೆ.

ಜನ ಈಗ ಏನು ಬಯಸುತ್ತಾರೆ

ಎಲ್ಲರೂ ಕೇಳುವುದು ಗೋಡೆಗೆ ನೇತುಹಾಕುವ ಕಮೋಡು. ನೆಲ ಒರೆಸಲು ಅನುಕೂಲ, ಕೋಣೆ ದೊಡ್ಡದಾಗಿ ಕಾಣುತ್ತದೆ ಎಂಬುದು ನಿಜ. ಆದರೆ ನಾಲ್ಕೂವರೆ ಇಂಚಿನ ಗೋಡೆಗೆ ಅದನ್ನು ನೇರವಾಗಿ ಬಿಗಿಯಲಾಗದು. ನೆಲಕ್ಕೆ ಊರುವ ಕಬ್ಬಿಣದ ಚೌಕಟ್ಟು, ಅದರೊಳಗೆ ಫ್ಲಶ್ ತೊಟ್ಟಿ, ಅದನ್ನು ಮುಚ್ಚಲು ಇನ್ನೊಂದು ಗೋಡೆ ಹೀಗೆ ಆರೇಳು ಇಂಚು ಜಾಗ ಹೋಗುತ್ತದೆ, ಖರ್ಚು ಸಾದಾ ಕಮೋಡಿನ ಎರಡರಷ್ಟೋ ಮೂರರಷ್ಟೋ ಆಗುತ್ತದೆ. ಐದು ಅಡಿ ಅಗಲದ ಕೋಣೆಗೆ ಇದು ಅಗತ್ಯವೆಂದು ನನಗೆ ಅನ್ನಿಸಿಲ್ಲ. ನೆಲಕ್ಕೆ ಕೂರುವ ಕಮೋಡನ್ನೇ ಕೊಳ್ಳುವವರು, ಹಳೆಯ ಪೈಪು ಗೋಡೆಗೆ ಹೋಗಿದೆಯೋ ನೆಲಕ್ಕೆ ಇಳಿದಿದೆಯೋ, ನೆಲಕ್ಕಾದರೆ ಟೈಲ್ಸ್ ಹಾಕಿದ ಗೋಡೆಯಿಂದ ಅದರ ನಡುಮಧ್ಯಕ್ಕೆ ಎಷ್ಟು ದೂರ ಎಂಬುದನ್ನು ಅಳೆದುಕೊಂಡೇ ಅಂಗಡಿಗೆ ಹೋಗಬೇಕು. ನಾಲ್ಕು, ಒಂಬತ್ತು, ಹನ್ನೆರಡು ಇಂಚುಗಳ ಮಾದರಿಗಳು ಬೇರೆ ಬೇರೆ, ಒಂದರ ಜಾಗದಲ್ಲಿ ಇನ್ನೊಂದು ಕೂರುವುದಿಲ್ಲ.

ಎರಡನೆಯ ಆಸೆ ತಲೆಯ ಮೇಲೆ ಮಳೆಯಂತೆ ಸುರಿಯುವ ಅಗಲ ಷವರ್. ಇದಕ್ಕೆ ನಾನೂ ಮರುಳಾಗಿದ್ದೆ. ಅಂಗಡಿಯಲ್ಲಿ ಪಂಪಿನ ಒತ್ತಡದಲ್ಲಿ ಭೋರೆಂದು ಸುರಿದದ್ದು, ನಮ್ಮ ಮನೆಯ ಮೊದಲ ಮಹಡಿಯಲ್ಲಿ ಸೋರುವ ಮಾಡಿನಂತೆ ತೊಟ್ಟಿಕ್ಕಿತು. ಕಾರಣ ಸರಳ: ಹತ್ತು ಮೀಟರ್ ಎತ್ತರದ ನೀರಿಗೆ ಒಂದು ಬಾರ್ ಒತ್ತಡ, ತೊಟ್ಟಿ ಷವರಿಗಿಂತ ಮೂರು ಮೀಟರ್ ಮಾತ್ರ ಮೇಲಿದ್ದರೆ ಸಿಗುವುದು 0.3 ಬಾರ್. ಹೆಚ್ಚಿನ ಅಗಲ ಷವರುಗಳು ಒತ್ತಡ ಒಂದು ಬಾರ್‌ಗಿಂತ ಕಡಿಮೆಯಿದ್ದರೆ ಸರಿಯಾಗಿ ಸುರಿಯುವುದಿಲ್ಲ. ಒತ್ತಡದ ಪಂಪು ಹಾಕಿದರೆ ಸಮಸ್ಯೆ ಇನ್ನೊಂದು ರೂಪ ತಾಳುತ್ತದೆ: ತಣ್ಣೀರು ಪಂಪಿನಿಂದ, ಬಿಸಿನೀರು ಮಾಳಿಗೆಯ ಸೋಲಾರಿನಿಂದ ಬರುವ ಮನೆಗಳಲ್ಲಿ ಬಲವಾದ ತಣ್ಣೀರು ಎರಡನ್ನೂ ಬೆರೆಸುವ ಮಿಕ್ಸರ್ ನಲ್ಲಿಯ ಮೂಲಕ ಬಿಸಿನೀರಿನ ಪೈಪಿಗೆ ನುಗ್ಗಿ ಹಿಂದಕ್ಕೆ ಏರುತ್ತದೆ, ನಲ್ಲಿ ತಿರುಗಿಸಿದವರಿಗೆ ಬಿಸಿನೀರೇ ಬರುವುದಿಲ್ಲ. ಬಿಸಿನೀರಿನ ಪೈಪಿಗೆ ಒಮ್ಮುಖ ಕವಾಟ ಹಾಕಿಸಿದರೆ ಹಿಂದಕ್ಕೆ ಏರುವುದು ನಿಲ್ಲುತ್ತದೆ. ಎರಡೂ ನೀರು ಹದವಾಗಿ ಬೆರೆಯಬೇಕಾದರೆ ಎರಡಕ್ಕೂ ಸಮನಾದ ಒತ್ತಡ ಬೇಕು.

ಗೀಸರಿನ ಲೆಕ್ಕವನ್ನೂ ಇಲ್ಲೇ ಮಾಡಿಬಿಡೋಣ. 15 ಲೀಟರಿನ, 2 ಕಿಲೋವ್ಯಾಟಿನ ಗೀಸರ್ 25 ಡಿಗ್ರಿಯ ನೀರನ್ನು 60 ಡಿಗ್ರಿಗೆ ತರಲು ಸುಮಾರು 18 ನಿಮಿಷ ಬೇಕು. ಅದನ್ನು ತಣ್ಣೀರಿನೊಂದಿಗೆ ಬೆರೆಸಿ ಮೈಗೆ ಹಿತವಾಗುವ 40 ಡಿಗ್ರಿಗೆ ಇಳಿಸಿದರೆ ಮೂವತ್ತು ಲೀಟರಿನ ಮೇಲೆ ಸ್ವಲ್ಪ, ಅಂದರೆ ಒಂದೂವರೆ ಬಕೆಟ್ ನೀರು ಸಿಗುತ್ತದೆ. ಬಕೆಟ್ಟು ಚೊಂಬಿನ ಸ್ನಾನಕ್ಕೆ ಇದು ಧಾರಾಳ. ನಿಮಿಷಕ್ಕೆ 12 ಲೀಟರ್ ಸುರಿಯುವ ಷವರಿಗೆ ಮೂರು ನಿಮಿಷಕ್ಕೂ ಸಾಲದು. ನಮ್ಮ ಮನೆಗಳಲ್ಲಿ ಷವರ್ ಇದ್ದರೂ ಬಹುಮಂದಿ ಬಕೆಟ್ಟನ್ನೇ ನೆಚ್ಚುತ್ತಾರೆ. ದೀಪಾವಳಿಯಲ್ಲಿ ನೀರು ತುಂಬುವ ಹಬ್ಬದ ದಿನ ಹಂಡೆಗೆ ಸುಣ್ಣ ಕೆಮ್ಮಣ್ಣಿನ ಗೆರೆ ಎಳೆದು ಪೂಜಿಸುವ ಮಂದಿಗೆ ಎಣ್ಣೆಸ್ನಾನವೆಂದರೆ ಚೊಂಬಿನಿಂದ ನೀರು ಹೊಯ್ಯುವುದೇ. ಹೀಗಿರುವಾಗ ಬಕೆಟ್ಟಿನ ನಲ್ಲಿಯನ್ನು ಮರೆಯದಿರಿ: ಇಪ್ಪತ್ತು ಲೀಟರಿನ ಬಕೆಟ್ಟು ಸರಾಗವಾಗಿ ಕೆಳಗೆ ಕೂತು ಏಳುವಂತೆ ಅದರ ಬಾಯಿ ನೆಲದಿಂದ ಎರಡು ಅಡಿ ಮೇಲಿರಲಿ. ಗೀಸರಿಗೆ ಪ್ರತ್ಯೇಕ 16 ಆಂಪಿಯರಿನ ಪ್ಲಗ್ಗು, ಸರಿಯಾದ ಅರ್ಥಿಂಗ್, ಬಚ್ಚಲಿನ ಸರ್ಕ್ಯೂಟಿಗೆ 30 ಮಿಲಿ ಆಂಪಿಯರಿನ ಆರ್.ಸಿ.ಸಿ.ಬಿ. (ವಿದ್ಯುತ್ ಸೋರಿದ ಕೂಡಲೇ ತಾನಾಗಿ ಕಡಿತಗೊಳಿಸುವ ಸ್ವಿಚ್ಚು) ಹಾಕಿಸುವುದು ಕಡ್ಡಾಯವೆಂದೇ ಎಣಿಸಿ. ಗ್ಯಾಸ್ ಗೀಸರನ್ನು ಬಚ್ಚಲಿನೊಳಗೆ ಎಂದಿಗೂ ಇಡಬೇಡಿ. ಅದರಿಂದ ಹೊರಡಬಹುದಾದ ಕಾರ್ಬನ್ ಮೊನಾಕ್ಸೈಡಿಗೆ ಬಣ್ಣವೂ ಇಲ್ಲ, ವಾಸನೆಯೂ ಇಲ್ಲ, ಮುಚ್ಚಿದ ಕೋಣೆಯಲ್ಲಿ ಅದು ಜೀವ ತೆಗೆಯುತ್ತದೆ.

ಬಣ್ಣದ ವಿಷಯದಲ್ಲಿ ಈಗ ಬೂದು, ಕಪ್ಪು, ಸಿಮೆಂಟಿನಂಥ ಒರಟು ಮೇಲ್ಮೈಗಳ ಕಾಲ. ನಲ್ಲಿಗಳೂ ಮಿರುಗದ ಕಪ್ಪು. ಕಾವೇರಿ ನೀರು ಬರುವ ಮನೆಯಲ್ಲಿ ಇವು ಚೆನ್ನಾಗಿಯೇ ಇರಬಹುದು. ಬೋರ್‌ವೆಲ್ ಅಥವಾ ಟ್ಯಾಂಕರಿನ ಗಡಸು ನೀರು ಬಳಸುವ ಮನೆಯಲ್ಲಿ ಆರು ತಿಂಗಳೊಳಗೆ ಕಪ್ಪು ನಲ್ಲಿಯ ಮೇಲೆ ವಿಭೂತಿ ಬಳಿದಂತೆ ಬಿಳಿಯ ಪೊರೆ ಕಟ್ಟುತ್ತದೆ, ಉಜ್ಜಿದರೆ ಬಣ್ಣವೂ ಏಳುತ್ತದೆ. ಅಂಥಲ್ಲಿ ಕ್ರೋಮ್ ನಲ್ಲಿ, ತಿಳಿ ಕಂದು ಅಥವಾ ಮರಳುಬಣ್ಣದ ಗೋಡೆ ಬಾಳುತ್ತವೆ. ಎರಡಡಿಗೆ ನಾಲ್ಕಡಿಯ ದೊಡ್ಡ ಟೈಲ್ಸು ಗೋಡೆಗೆ ಅಂದವಾಗಿ ಕಾಣುತ್ತದೆ, ಸಂದುಗಳೂ ಕಡಿಮೆ. ನೆಲಕ್ಕೆ ಮಾತ್ರ ಅದು ಬೇಡ, ನಾಲ್ಕು ದಿಕ್ಕಿನಿಂದ ಇಳಿಜಾರು ತರಲು ಒಂದಡಿಗೆ ಒಂದಡಿಯ, ಜಾರದ ಟೈಲ್ಸೇ ಸರಿ. ಹಳೆಯ ಟೈಲ್ಸಿನ ಮೇಲೆಯೇ ಹೊಸದನ್ನು ಅಂಟಿಸುವ ಪದ್ಧತಿ ಗಟ್ಟಿಯಾದ ಗೋಡೆಗೆ ಆಗಬಹುದು, ಸೋರುವ ನೆಲಕ್ಕೆ ಆಗದು.

ನೀರು ಉಳಿಸುವ ಸಾಧನಗಳನ್ನು ಹಿಂದೆ ಯಾರೂ ಕೇಳುತ್ತಿರಲಿಲ್ಲ. 2024ರ ಬೇಸಿಗೆಯ ಅಭಾವದಲ್ಲಿ ಬೆಂಗಳೂರು ಜಲಮಂಡಳಿ ವಾಣಿಜ್ಯ ಕಟ್ಟಡಗಳಿಗೂ ಅಪಾರ್ಟ್‌ಮೆಂಟುಗಳಿಗೂ ನಲ್ಲಿಗೆ ಏರಿಯೇಟರ್ (ನೀರಿಗೆ ಗಾಳಿ ಬೆರೆಸಿ ಹರಿವು ತಗ್ಗಿಸುವ ಜಾಲರಿ) ಹಾಕಬೇಕೆಂದು ವಿಧಿಸಿದ ಮೇಲೆ ಆ ಪದ ಎಲ್ಲರ ಬಾಯಿಗೂ ಬಂತು. ಬೇಸಿನ್ನಿನ ನಲ್ಲಿಗೆ ಅದು, ಕಮೋಡಿಗೆ ಮೂರು ಮತ್ತು ಆರು ಲೀಟರಿನ ಎರಡು ಗುಂಡಿಯ ಫ್ಲಶ್ ಇದ್ದರೆ ಟ್ಯಾಂಕರಿನ ಲೆಕ್ಕದಲ್ಲಿ ವ್ಯತ್ಯಾಸ ಕಾಣುತ್ತದೆ. ಬಕೆಟ್ಟು ತುಂಬುವ ನಲ್ಲಿಗೆ ಮಾತ್ರ ಏರಿಯೇಟರ್ ಹಾಕಿ ಫಲವಿಲ್ಲ, ತುಂಬುವುದು ತಡವಾಗುತ್ತದೆಯೇ ಹೊರತು ನೀರು ಉಳಿಯುವುದಿಲ್ಲ.

ಹಿರಿಯರಿರುವ ಮನೆಯಲ್ಲಿ ಕಮೋಡಿನ ಪಕ್ಕಕ್ಕೂ ಸ್ನಾನದ ಜಾಗಕ್ಕೂ ಹಿಡಿಕೆಗಳು ಬೇಕು, ಬಾಗಿಲು ಹೊರಕ್ಕೆ ತೆರೆಯಬೇಕು. ಒಳಗೆ ಬಿದ್ದವರು ಒಳತೆರೆಯುವ ಬಾಗಿಲಿಗೆ ಅಡ್ಡವಾದರೆ ಹೊರಗಿನವರು ಒಳಗೆ ಬರುವ ದಾರಿಯಿಲ್ಲ. ಸ್ನಾನದ ಜಾಗವನ್ನು ಗಾಜಿನ ತಡಿಕೆಯಿಂದ ಬೇರ್ಪಡಿಸುವುದು ಚೆಂದವಾದರೂ, ಅಷ್ಟು ಚಿಕ್ಕ ಕೋಣೆಯಲ್ಲಿ ಅಜ್ಜಿಗೆ ತಲೆಗೆ ಎಣ್ಣೆ ಹಚ್ಚಿ ನೀರು ಹಾಕುವವರು ನಿಲ್ಲುವುದೆಲ್ಲಿ ಎಂಬುದನ್ನು ಯೋಚಿಸಬೇಕು.

ಕೆಲಸ ಮಾಡಿಸುವುದು

ಒಂದು ಬಚ್ಚಲಿಗೆ ಮೂರರಿಂದ ನಾಲ್ಕು ವಾರ ಹಿಡಿಯುತ್ತದೆ. ಮನೆಯಲ್ಲಿ ಎರಡಿದ್ದರೆ ಒಂದು ಮುಗಿದು ಬಳಕೆಗೆ ಬಂದ ಮೇಲೆಯೇ ಇನ್ನೊಂದಕ್ಕೆ ಸುತ್ತಿಗೆ ಹಾಕಿಸಿ. ಯುಗಾದಿ, ದೀಪಾವಳಿಗಳ ಆಸುಪಾಸಿನಲ್ಲಿ ಆರಂಭಿಸಬೇಡಿ. ಊರಿಗೆ ಹೋದ ಕೆಲಸಗಾರರು ಎಂದು ಹಿಂದಿರುಗುವರೆಂಬುದು ಅವರಿಗೂ ತಿಳಿದಿರುವುದಿಲ್ಲ. ಅಪಾರ್ಟ್‌ಮೆಂಟಿನಲ್ಲಿದ್ದರೆ ಸಂಘದಿಂದ ಲಿಖಿತ ಅನುಮತಿ, ಒಡೆಯುವ ವೇಳೆಯ ಬಗ್ಗೆ ನಿಯಮ, ಲಿಫ್ಟಿನಲ್ಲಿ ಕಸ ಸಾಗಿಸಬಹುದೇ ಎಂಬುದನ್ನು ಮೊದಲೇ ವಿಚಾರಿಸಿ, ಕೆಳಗಿನ ಮನೆಯವರಿಗೆ ಖುದ್ದಾಗಿ ಹೇಳಿ ಬನ್ನಿ. ಒಡೆದ ಕಸವನ್ನು ರಸ್ತೆಬದಿಯಲ್ಲೋ ಕೆರೆಯ ಅಂಚಿನಲ್ಲೋ ಸುರಿಯುವುದು ಅಪರಾಧ. ಕಟ್ಟಡ ತ್ಯಾಜ್ಯದ ಬಗೆಗಿನ 2016ರ ಕೇಂದ್ರ ನಿಯಮಗಳೇ ಅದರ ವಿಲೇವಾರಿಯ ಹೊಣೆಯನ್ನು ತ್ಯಾಜ್ಯ ಉಂಟುಮಾಡಿದವರ ಮೇಲೆ ಹೊರಿಸಿದ್ದವು, ಆದ್ದರಿಂದ ಲಾರಿ ಎಲ್ಲಿಗೆ ಹೋಗುತ್ತದೆಂದು ಕೇಳುವುದು ನಿಮ್ಮ ಕೆಲಸವೂ ಹೌದು.

ಮೇಸ್ತ್ರಿಗೆ ಒಟ್ಟು ಗುತ್ತಿಗೆ ಕೊಡುವುದಕ್ಕಿಂತ ಕೂಲಿಯ ಗುತ್ತಿಗೆ ಕೊಟ್ಟು ಸಾಮಾನನ್ನು ನೀವೇ ತರುವುದು ಲೇಸು, ನಿತ್ಯ ಒಂದು ಗಂಟೆಯ ಬಿಡುವಿದ್ದರೆ ಮಾತ್ರ. ಹಣವನ್ನು ಹಂತಗಳಿಗೆ ಕಟ್ಟಿ: ಒಡೆದ ಮೇಲೆ ಒಂದಷ್ಟು, ಒತ್ತಡದ ಪರೀಕ್ಷೆಯಾದ ಮೇಲೆ, ನೀರು ನಿಲ್ಲಿಸಿ ನೋಡಿದ ಮೇಲೆ, ಟೈಲ್ಸ್ ಮುಗಿದ ಮೇಲೆ, ಮತ್ತು ಹತ್ತರಲ್ಲೊಂದು ಪಾಲನ್ನು ಹದಿನೈದು ದಿನ ಬಳಸಿ ನೋಡಿದ ಮೇಲೆ. ಟೈಲ್ಸಿನಲ್ಲಿ ಒಂದು ಪೆಟ್ಟಿಗೆ ಉಳಿಸಿ ಅಟ್ಟದ ಮೇಲಿಡಿ; ಎರಡು ವರ್ಷ ಬಿಟ್ಟು ಅದೇ ಬಣ್ಣ ಹುಡುಕಿದರೆ ಸಿಗುವುದಿಲ್ಲ.

ಇನ್ನೊಂದು ಸಣ್ಣ ಕೆಲಸ, ಇದಕ್ಕೆ ಖರ್ಚಿಲ್ಲ. ಪೈಪು ಮತ್ತು ವೈರುಗಳನ್ನು ಕೂರಿಸಿ ಗೋಡೆ ಮುಚ್ಚುವ ಹಿಂದಿನ ಸಂಜೆ, ಪ್ರತಿ ಗೋಡೆಗೂ ಅಳತೆಪಟ್ಟಿಯನ್ನು ಅಡ್ಡಕ್ಕೊಮ್ಮೆ, ಉದ್ದಕ್ಕೊಮ್ಮೆ ಹಿಡಿಸಿ ಫೋಟೋ ತೆಗೆಯಿರಿ, ಮೂಲೆಯಿಂದಲೂ ನೆಲದಿಂದಲೂ ದೂರ ಓದುವಂತಿರಲಿ. ಅವನ್ನು ಅಚ್ಚು ಹಾಕಿಸಿ ಮನೆಯ ಕಾಗದಪತ್ರಗಳ ಜೊತೆಗೆ ಇಡಿ. ಟವೆಲ್ ಹಾಕುವ ಕಂಬಿಯೋ ಹಿಡಿಕೆಯೋ ಬೇಕೆಂದು ಮುಂದೊಂದು ದಿನ ಡ್ರಿಲ್ ಹಿಡಿದು ಬರುವವನಿಗೆ, ಎಲ್ಲಿ ತೂತು ಕೊರೆಯಬಾರದೆಂದು ತೋರಿಸಲು ನಿಮ್ಮ ಬಳಿ ಬೇರೇನೂ ಇರುವುದಿಲ್ಲ.